ಬಡಗಿಯ ಮಗ

ಆಟಗಾರನೊಬ್ಬನ ಯೋಗ್ಯತೆಯನ್ನು ಬರಿಯ ಅಂಕಿಗಳಿಂದಲೇ ಅಳೆಯುವುದಾದರೆ ವಾಲ್ಟರ್ ಟಲ್ಲನ ವಿಷಯದಲ್ಲಿ ಹೇಳಬೇಕಾದುದು ಹೆಚ್ಚೇನೂ ಇಲ್ಲ. ಇಂಗ್ಲೆಂಡಿನ ಮೊದಲನೆಯ ದರ್ಜೆಯ ಕಾಲ್ಚೆಂಡಿನ ಲೀಗಿನಲ್ಲಿ ಆತನು ಆಡಿದ ಪಂದ್ಯಗಳು ಕೇವಲ 10. ಹೊಡೆದ ಗೋಲುಗಳು 2. ದೇಶದ ತಂಡದ ಅಂಗಿಯನ್ನು ಆತನು ಎಂದೂ ತೊಡಲಿಲ್ಲ. ಅದೇ ಕಾಲದಲ್ಲಿ ಡರ್ಬಿ ನಗರದ ಸ್ಟೀವ್ ಬ್ಲೂಮರನು ಮುನ್ನೂರಕ್ಕೂ ಮೀರಿ ಗೋಲುಗಳನ್ನು ಹೊಡೆದು ದೇಶದಲ್ಲೆಲ್ಲ ಮನೆಮಾತಾಗಿದ್ದನು. ಆಲ್ಫ್ ಕಾಮನ್ ಎಂಬ ಆಟಗಾರನನ್ನು 1905ರಲ್ಲಿ ಒಂದು ಕ್ಲಬ್ಬು ಇನ್ನೊಂದಕ್ಕೆ ಸಾವಿರ ಪೌಂಡಿಗೆ ಬಿಟ್ಟುಕೊಟ್ಟಾಗ ಜನರು ಮೂಗಿನ ಮೇಲೆ ಬೆರಳಿಟ್ಟುಕೊಂಡಿದ್ದರು. ಅಂಥವರ ಸಾಲಿನಲ್ಲಿ ಟಲ್ಲನನ್ನು ನಿಲ್ಲಿಸಲು ಲೆಕ್ಕದ ಪುಸ್ತಕ ಒಪ್ಪುವುದಿಲ್ಲ. ಆದರೆ ಬಾಳಿನ ಎಲ್ಲ ಸಂಗತಿಗಳೂ ಲೆಕ್ಕದ ಪುಸ್ತಕದಲ್ಲಿ ಬರೆಯಲ್ಪಡುತ್ತವೆಯೆ?

ಇಂಗ್ಲೆಂಡಿನ ಆಗ್ನೇಯ ಮೂಲೆಯಲ್ಲಿ, ಸಮುದ್ರದ ಅಂಚಿನಲ್ಲಿ, ಫೋಕ್‌ಸ್ಟನ್ ಎಂಬ ಊರಿದೆ. 1876ರಲ್ಲಿ ಅಲ್ಲಿಗೆ ಡೇನಿಯಲ್ ಟಲ್ ಎಂಬ ಯುವಕನು ಬಂದು ನೆಲೆಸಿದನು. ಆತನದು ವೆಸ್ಟ್ ಇಂಡೀಸಿನ ಬಾರ್ಬಡೋಸ್ ದ್ವೀಪ. ಕಬ್ಬಿನ ತೋಟಗಳ ಆ ದ್ವೀಪದಲ್ಲಿ ಡೇನಿಯಲನ ತಂದೆ ಗುಲಾಮನಾಗಿ ಹುಟ್ಟಿದ್ದವನು. ಮಗನಾದರೋ ಮರಗೆಲಸವನ್ನು ಕಲಿತು, ಸ್ವತಂತ್ರನಾಗಿ ಕಡಲು ದಾಟಿ ಬಂದಿದ್ದನು. ಬಡಗಿಯ ಕೈಯಲ್ಲಿ ಕಸುಬಿದ್ದರೆ ಊರು ಯಾವುದಾದರೇನು? ಡೇನಿಯಲನಿಗೆ ಕೆಲಸ ಸಿಕ್ಕಿತು. ಕೆಂಟ್ ಪ್ರಾಂತದ ಆಲಿಸ್ ಪಾಮರ್ ಎಂಬ ಬಿಳಿಯ ಹುಡುಗಿಯ ಕೈಹಿಡಿದು ಸಂಸಾರವನ್ನೂ ಹೂಡಿದನು. ಈ ದಂಪತಿಗಳ ಮಗನಾಗಿ ವಾಲ್ಟರ್ 1888ರ ಏಪ್ರಿಲ್ 28ರಂದು ಹುಟ್ಟಿದನು.

ಬಡತನವಿದ್ದರೂ ಮನೆ ತುಂಬಿತ್ತು. ಆದರೆ ಆ ಭಾಗ್ಯ ಬಹುಕಾಲ ಉಳಿಯಲಿಲ್ಲ. 1895ರಲ್ಲಿ ತಾಯಿ ಕಣ್ಣು ಮುಚ್ಚಿದಳು. ಮಕ್ಕಳನ್ನು ನೋಡಿಕೊಳ್ಳುವವರು ಬೇಕಲ್ಲ! ಮರುವರ್ಷ ಡೇನಿಯಲನು ತೀರಿಕೊಂಡ ಹೆಂಡತಿಯ ಸೋದರ ಸಂಬಂಧಿಯಾದ ಕ್ಲಾರಾಳನ್ನು ಮದುವೆಯಾದನು. ಚಿಕ್ಕಮ್ಮನ ವರಸೆಯವಳೇ ತಾಯಿಯಾಗಿ ಬಂದಳು. ಇನ್ನೊಂದು ಹೆಣ್ಣು ಮಗುವೂ ಹುಟ್ಟಿತು. ಅಷ್ಟರಲ್ಲಿ, 1897ರ ಡಿಸೆಂಬರಿನಲ್ಲಿ, ಹೃದಯದ ಬೇನೆಯಿಂದ ಡೇನಿಯಲನೂ ತೀರಿಕೊಂಡನು. ಎರಡು ವರ್ಷ ತುಂಬದ ದಾಂಪತ್ಯ. ಕೈಯಲ್ಲಿ ಎಳೆಯ ಕೂಸು. ತನ್ನ ಹೊಟ್ಟೆಯಲ್ಲಿ ಹುಟ್ಟದಿದ್ದರೂ ತನ್ನವೇ ಆದ ಮಕ್ಕಳು. ದುಡಿಯುವ ಕೈ ಮಣ್ಣುಗೂಡಿದೆ. ಆ ಹೆಂಗಸು ಮಾಡುವುದಾದರೂ ಏನು? ಕಥೆಗಳಲ್ಲಿ ಮಲತಾಯಿಯರನ್ನು ಕ್ರೂರಿಗಳೆಂದು ಚಿತ್ರಿಸುವುದು ವಾಡಿಕೆ. ಕ್ಲಾರಾ ಕ್ರೂರಿಯಲ್ಲ, ಬಡವಿ. ಹುಡುಗರಿಬ್ಬರನ್ನು, ವಾಲ್ಟರ್ ಮತ್ತು ಅವನಿಗಿಂತ ಎರಡು ವರ್ಷ ದೊಡ್ಡವನಾದ ಎಡ್ವರ್ಡನನ್ನು, 1898ರ ಫೆಬ್ರವರಿಯಲ್ಲಿ ಲಂಡನ್ನಿನ ಬೆತ್ನಲ್ ಗ್ರೀನಿನಲ್ಲಿ ಮೆಥೊಡಿಸ್ಟ್ ಪಂಥದವರು ನಡೆಸುತ್ತಿದ್ದ ಅನಾಥಾಲಯಕ್ಕೆ ಸೇರಿಸಲಾಯಿತು. ಆಗ ವಾಲ್ಟರನಿಗೆ ಇನ್ನೂ ಹತ್ತು ವರ್ಷ ತುಂಬಿರಲಿಲ್ಲ.

ಕಡಲ ಗಾಳಿಯಲ್ಲಿ ಬೆಳೆದ ಹುಡುಗರಿಗೆ ಲಂಡನ್ನಿನ ಹೊಗೆಯ ಕೇರಿ. ಅಪರಿಚಿತ ಮುಖಗಳ ನಡುವೆ ತನ್ನವನೆಂದು ಹೇಳಿಕೊಳ್ಳಲು ಒಬ್ಬ ಅಣ್ಣನಾದರೂ ಇದ್ದನಲ್ಲ ಎಂಬುದೇ ವಾಲ್ಟರನ ಸಮಾಧಾನವಾಗಿದ್ದಿರಬೇಕು. ಆ ಸಮಾಧಾನವೂ ಎರಡೇ ವರ್ಷದ್ದಾಯಿತು. ಎಡ್ವರ್ಡನ ಕಂಠ ಇಂಪಾದದ್ದು. ಅನಾಥಾಲಯದ ಹಾಡುಗಾರ ಮಕ್ಕಳ ಮೇಳದೊಂದಿಗೆ ಆತನು ಊರೂರು ತಿರುಗುತ್ತಿದ್ದಾಗ ಸ್ಕಾಟ್ಲೆಂಡಿನ ಗ್ಲಾಸ್ಗೋ ನಗರದ ವಾರ್ನಾಕ್ ಎಂಬ ಕುಟುಂಬದವರು ಅವನನ್ನು ಮೆಚ್ಚಿಕೊಂಡು 1900ರಲ್ಲಿ ದತ್ತು ತೆಗೆದುಕೊಂಡರು. ಸಾಕುತಂದೆಯ ವೃತ್ತಿಯನ್ನೇ ಹಿಡಿದು ಎಡ್ವರ್ಡನು ಮುಂದೆ ದಂತವೈದ್ಯನಾದನು. ಬ್ರಿಟನ್ನಿನಲ್ಲಿ ಆ ವೃತ್ತಿಗೆ ಅರ್ಹತೆ ಪಡೆದ ಕಪ್ಪು ಜನರಲ್ಲಿ ಆತನೇ ಮೊದಲಿಗನೆಂದು ಹೇಳುತ್ತಾರೆ. ಅಣ್ಣನಿಗೆ ಮನೆ ಸಿಕ್ಕಿತು. ತಮ್ಮನಿಗೆ ಅನಾಥಾಲಯವೇ ಮನೆಯಾಯಿತು. ಆದರೂ ಅಣ್ಣತಮ್ಮಂದಿರ ನಂಟು ಹರಿಯಲಿಲ್ಲ ಎಂಬುದನ್ನು ಈ ಕಥೆಯ ಕೊನೆ ತೋರಿಸುತ್ತದೆ.

ಅನಾಥಾಲಯದಲ್ಲಿ ಹುಡುಗರಿಗೆ ಒಂದೊಂದು ಕಸುಬನ್ನು ಕಲಿಸುತ್ತಿದ್ದರು. ವಾಲ್ಟರನ ಪಾಲಿಗೆ ಬಂದುದು ಅಚ್ಚುಕೂಟದ ಕೆಲಸ. ಹಗಲೆಲ್ಲ ಅಚ್ಚುಕೂಟ, ಬಿಡುವು ದೊರೆತಾಗ ಕಾಲ್ಚೆಂಡು. ಅನಾಥಾಲಯದ ತಂಡದಲ್ಲಿ ಆಡುತ್ತಾಡುತ್ತಲೇ ಆತನ ಕಾಲುಗಳಿಗೆ ಜಾಣ್ಮೆ ಬಂದಿತು. ಕಸುಬಿನಿಂದ ಅನ್ನ, ಆಟದಿಂದ ಉಲ್ಲಾಸ: ಅಲ್ಲಿಗೆ ಮುಗಿದಿದ್ದರೆ ಟಲ್ಲನು ಲಂಡನ್ನಿನ ಸಾವಿರಾರು ಮುದ್ರಣ ಕೆಲಸಗಾರರಲ್ಲಿ ಒಬ್ಬನಾಗಿ ಉಳಿಯುತ್ತಿದ್ದನು. 1908ರಲ್ಲಿ ಕ್ಲಾಪ್ಟನ್ ಎಂಬ ಪೂರ್ವ ಲಂಡನ್ನಿನ ಹವ್ಯಾಸಿ ಕ್ಲಬ್ಬು ಅವನನ್ನು ಸೇರಿಸಿಕೊಂಡಿತು. ಆ ಒಂದೇ ಋತುವಿನಲ್ಲಿ ಕ್ಲಾಪ್ಟನ್ ತಂಡವು ಇಡೀ ಇಂಗ್ಲೆಂಡಿನ ಹವ್ಯಾಸಿಗಳ ಕಪ್ಪನ್ನೂ ಲಂಡನ್ನಿನ ಎರಡು ಕಪ್ಪುಗಳನ್ನೂ ಗೆದ್ದುಕೊಂಡಿತು. ಆ ವರ್ಷದ ಒಳ್ಳೆಯ ಶೋಧವೆಂದರೆ ಇವನೇ ಎಂದು ಪತ್ರಿಕೆಯೊಂದು ಟಲ್ಲನನ್ನು ಹೊಗಳಿತು.

ಹವ್ಯಾಸಿ ಎಂದರೆ ಕೈಗೆ ಕಾಸಿಲ್ಲದೆ ಆಡುವವನು. ವೃತ್ತಿಗಾರನೆಂದರೆ ಸಂಬಳಕ್ಕೆ ಆಡುವವನು. ಈ ಎರಡರ ನಡುವೆ ಆಗಿನ ಇಂಗ್ಲೆಂಡಿನಲ್ಲಿ ದೊಡ್ಡ ಕಂದರವಿತ್ತು. ಆಟವನ್ನು ಕೂಲಿಗೆ ಮಾರುವುದು ಕೀಳೆಂದು ಸಿರಿವಂತರು ಭಾವಿಸುತ್ತಿದ್ದರು. ಬಡವನ ಮಗನಿಗೆ ಆ ಬಿಂಕ ಸಾಧ್ಯವೆ? 1909ರಲ್ಲಿ ಟಾಟನ್‌ಹ್ಯಾಮ್ ಹಾಟ್ಸ್‌ಪರ್ ಕ್ಲಬ್ಬಿನವರು ಕರೆದಾಗ ಟಲ್ಲನು ಅಚ್ಚುಕೂಟವನ್ನು ಬಿಟ್ಟು ಹೊರಟನು. ಒಪ್ಪಂದಕ್ಕೆ ರುಜು ಹಾಕಿದಾಗ ಕೈಗೆ ಬಂದುದು 10 ಪೌಂಡು. ನಿಯಮದ ಪ್ರಕಾರ ಅದಕ್ಕಿಂತ ಹೆಚ್ಚು ಕೊಡುವಂತಿರಲಿಲ್ಲ. ವಾರದ ಸಂಬಳಕ್ಕೂ ಮೇಲಿನ ಮಿತಿಯೊಂದಿತ್ತು: 4 ಪೌಂಡು. 1901ರಲ್ಲಿ ವಿಧಿಸಿದ ಈ ಬಗೆಯ ಮಿತಿ, ಮೊತ್ತದಲ್ಲಿ ಆಗಾಗ ಬದಲಾಗುತ್ತ, 1961ರವರೆಗೂ ನಿಂತಿತ್ತು. ಸಾವಿರಾರು ಜನ ಟಿಕೇಟು ಕೊಂಡು ನೋಡಲು ಬಂದರೂ ಆಟಗಾರನ ಪಾಲು ಬೆಳೆಯುತ್ತಿರಲಿಲ್ಲ. ಇನ್ನೊಂದು ಕಟ್ಟುಪಾಡು ಇದಕ್ಕಿಂತ ಕಠಿನವಾದುದು. ಒಮ್ಮೆ ಕ್ಲಬ್ಬಿಗೆ ಸೇರಿದವನು ಕ್ಲಬ್ಬಿನ ಅಪ್ಪಣೆಯಿಲ್ಲದೆ ಬೇರೆಡೆಗೆ ಹೋಗುವಂತಿರಲಿಲ್ಲ. ಆಡಿಸದೆ ಮೂಲೆಯಲ್ಲಿ ಕೂರಿಸಿದರೂ ಆತನು ಅವರ ಸೊತ್ತೇ. ಇದನ್ನು ಪ್ರತಿಭಟಿಸಿ ಆಟಗಾರರು 1907ರಲ್ಲಿ ಸಂಘ ಕಟ್ಟಿದರು. 1909ರಲ್ಲಿ ಮ್ಯಾಂಚೆಸ್ಟರ್ ಯುನೈಟೆಡ್ ತಂಡದ ನಾಯಕ ಚಾರ್ಲಿ ರಾಬರ್ಟ್ಸನೂ ಅವನ ಸಂಗಡಿಗರೂ ಆ ಸಂಘವನ್ನು ಬಿಡಲೊಲ್ಲದೆ ಬಹಿಷ್ಕಾರಕ್ಕೂ ಅಂಜದೆ ನಿಂತರು. ಹೀಗಿದ್ದರೂ ವಾರಕ್ಕೆ 4 ಪೌಂಡೆಂದರೆ ನುರಿತ ಕಸುಬುದಾರನ ಗಳಿಕೆಯ ಸುಮಾರು ಇಮ್ಮಡಿ. ಅನಾಥಾಲಯದಲ್ಲಿ ಬೆಳೆದ ಹುಡುಗನಿಗೆ ಅದು ಸಣ್ಣ ಐಶ್ವರ್ಯವಲ್ಲ.

ಆ ಬೇಸಗೆಯಲ್ಲಿ ಟಾಟನ್‌ಹ್ಯಾಮ್ ತಂಡವು ಹಡಗನ್ನೇರಿ ಆರ್ಜೆಂಟೀನಾ ಮತ್ತು ಉರುಗ್ವೆ ದೇಶಗಳಿಗೆ ಹೋಯಿತು. ಟಲ್ಲನೂ ಜೊತೆಗಿದ್ದನು. ಹಿಂದಿರುಗಿದ ಮೇಲೆ, ಸೆಪ್ಟೆಂಬರಿನಲ್ಲಿ, ಮೊದಲ ದರ್ಜೆಯ ಲೀಗಿನಲ್ಲಿ ಆತನ ಹೆಸರು ತಂಡದ ಪಟ್ಟಿಯಲ್ಲಿ ಕಾಣಿಸಿತು. ಕ್ಲಬ್ಬಿಗೂ ಆ ದರ್ಜೆಯಲ್ಲಿ ಅದೇ ಮೊದಲನೆಯ ವರ್ಷ. ಸ್ವಂತ ಅಂಗಣದಲ್ಲಿ ಮ್ಯಾಂಚೆಸ್ಟರ್ ಯುನೈಟೆಡ್ ತಂಡವನ್ನು ಎದುರಿಸಿದಾಗ 30,000ಕ್ಕೂ ಹೆಚ್ಚು ಜನ ಸೇರಿದ್ದರು. ಮುಂದಿನ ಸಾಲಿನಲ್ಲಿ ಆಡುತ್ತಿದ್ದ ಟಲ್ಲನದು ಓಟದ ಆರ್ಭಟವಿರುವ ಆಟವಲ್ಲ. ಚೆಂಡನ್ನು ಹದವಾಗಿ ಹಿಡಿದು, ಎದುರಾಳಿಯ ಹೆಜ್ಜೆಯನ್ನು ಮೊದಲೇ ಊಹಿಸಿ, ಜೊತೆಗಾರನ ಕಾಲಿಗೆ ಸರಿಯಾಗಿ ತಲುಪಿಸುವ ಆಟ. ಪತ್ರಿಕೆಗಳು ಮೆಚ್ಚಿ ಬರೆದವು. ಜನರೂ ಮೆಚ್ಚಿದರು.

ಅದೇ ಅಕ್ಟೋಬರಿನಲ್ಲಿ ತಂಡವು ಬ್ರಿಸ್ಟಲ್ ನಗರಕ್ಕೆ ಹೋಯಿತು. ಬ್ರಿಸ್ಟಲ್ ಹಳೆಯ ಬಂದರು. ಒಂದು ಕಾಲದಲ್ಲಿ ಗುಲಾಮರ ವ್ಯಾಪಾರದಿಂದ ಕೊಬ್ಬಿದ ಊರು. ಕಬ್ಬಿನ ದ್ವೀಪಗಳ ಸಕ್ಕರೆ ಬಂದು ಇಳಿಯುತ್ತಿದ್ದುದೂ ಅಲ್ಲಿಯೇ. ಗುಲಾಮನ ಮೊಮ್ಮಗನು ಆ ಊರಿನ ಅಂಗಣದಲ್ಲಿ ಚೆಂಡಿನ ಹಿಂದೆ ಓಡುತ್ತಿದ್ದಾಗ ಪ್ರೇಕ್ಷಕರಲ್ಲಿ ಒಂದು ಗುಂಪು ಬಾಯಿ ಬಿಟ್ಟಿತು. ಆತನ ಮೈಬಣ್ಣವನ್ನು ಹಿಡಿದು ಆಡಿದ ಮಾತುಗಳನ್ನು ಸಭ್ಯರು ಮತ್ತೆ ಹೇಳುವಂತಿಲ್ಲ. ಲಂಡನ್ನಿನ ಪತ್ರಿಕೆಯೊಂದರ ವರದಿಗಾರನು ಅಲ್ಲಿದ್ದನು. ಮೀನು ಸಂತೆಯ ಬೈಗುಳಕ್ಕಿಂತಲೂ ಕೀಳಾದ ಆ ನುಡಿಗಳನ್ನು ಆತನು ಹೇಡಿಗಳ ದಾಳಿಯೆಂದೇ ಕರೆದನು. ನಡತೆಯಲ್ಲಿಯೂ ಆಟದ ರೀತಿಯಲ್ಲಿಯೂ ಟಲ್ಲನು ಇಂಗ್ಲೆಂಡಿನ ಬಿಳಿಯ ಆಟಗಾರರಿಗೆಲ್ಲ ಮೇಲ್ಪಂಕ್ತಿಯಾಗಬಲ್ಲವನೆಂದೂ, ಆ ದಿನ ಅಂಗಣದಲ್ಲಿದ್ದ ಮುಂದಿನ ಸಾಲಿನ ಆಟಗಾರರಲ್ಲಿ ಅವನೇ ಉತ್ತಮನೆಂದೂ ಬರೆದನು.

ಟಲ್ಲನು ಏನು ಮಾಡಿದನು? ಆಡಿದನು. ಕೊನೆಯ ಸೀಟಿ ಊದುವವರೆಗೂ ಆಡಿದನು. ಸಿಟ್ಟಾಗಿ ತಿರುಗಿ ಬಿದ್ದಿದ್ದರೆ ಬೈದವರಿಗೆ ಗೆಲುವಾಗುತ್ತಿತ್ತು. ಅಂಗಣ ಬಿಟ್ಟು ಹೋಗಿದ್ದರೂ ಅಷ್ಟೆ. ಎರಡನ್ನೂ ಮಾಡದೆ ತನ್ನ ಕೆಲಸವನ್ನು ಮಾಡಿ ಮುಗಿಸಿದನು. ಆದರೆ ಅವಮಾನದ ಬೆಲೆಯನ್ನು ತೆತ್ತವನು ಬೈದವನಲ್ಲ, ಬೈಸಿಕೊಂಡವನು. ಬ್ರಿಸ್ಟಲಿನಿಂದ ಹಿಂದಿರುಗಿದ ಮೇಲೆ ಬಹುಬೇಗ ಟಲ್ಲನ ಹೆಸರು ಮೊದಲನೆಯ ತಂಡದಿಂದ ಮರೆಯಾಯಿತು. ಮೀಸಲು ತಂಡದಲ್ಲಿ ಆಡಿಸಿದರು. ಮರುವರ್ಷ ಮೂರು ಪಂದ್ಯಗಳಿಗೆ ಮಾತ್ರ ಕರೆ ಬಂದಿತು. ಕಾರಣವನ್ನು ಯಾರೂ ಬರೆದಿಡಲಿಲ್ಲ. ಇಂಥ ಕಾರಣಗಳನ್ನು ಬರೆದಿಡುವ ಪದ್ಧತಿ ಲೋಕದಲ್ಲಿ ಎಲ್ಲಿಯೂ ಇಲ್ಲ.

ಬಿದ್ದವನನ್ನು ಎತ್ತಿ ನಿಲ್ಲಿಸುವವರೂ ಲೋಕದಲ್ಲಿ ಇರುತ್ತಾರೆ. ನಾರ್ದ್ಯಾಂಪ್ಟನ್ ಎಂಬುದು ಜೋಡುಗಳ ತಯಾರಿಕೆಗೆ ಹೆಸರಾದ ಊರು. ಅಲ್ಲಿಯ ಕಾಲ್ಚೆಂಡಿನ ತಂಡಕ್ಕೆ ಜನರಿಟ್ಟ ಅಡ್ಡಹೆಸರು ‘ಕಾಬ್ಲರ್ಸ್’, ಎಂದರೆ ಜೋಡು ಹೊಲಿಯುವವರು. ಅದರ ವ್ಯವಸ್ಥಾಪಕನಾಗಿದ್ದವನು ಹರ್ಬರ್ಟ್ ಚಾಪ್‌ಮನ್. ಮುಂದೆ ಹಡರ್ಸ್‌ಫೀಲ್ಡ್ ಮತ್ತು ಆರ್ಸೆನಲ್ ತಂಡಗಳನ್ನು ಉತ್ತುಂಗಕ್ಕೇರಿಸಿ ಇಂಗ್ಲಿಷ್ ಕಾಲ್ಚೆಂಡಿನ ಚರಿತ್ರೆಯಲ್ಲಿ ದೊಡ್ಡ ಹೆಸರಾದ ಚಾಪ್‌ಮನ್ನನೇ ಈತ. ಆಟಗಾರನ ಮೈಬಣ್ಣವನ್ನಲ್ಲ, ಆಟವನ್ನು ನೋಡುವ ಕಣ್ಣು ಅವನಿಗಿತ್ತು. 1911ರ ಅಕ್ಟೋಬರಿನಲ್ಲಿ ಆತನು ಟಲ್ಲನನ್ನು ತನ್ನ ತಂಡಕ್ಕೆ ಕರೆತಂದನು. ಸದರ್ನ್ ಲೀಗಿನಲ್ಲಿ ಆಡುತ್ತಿದ್ದ ಆ ತಂಡ ಟಾಟನ್‌ಹ್ಯಾಮಿನಷ್ಟು ದೊಡ್ಡದಲ್ಲ. ಆದರೆ ಅಲ್ಲಿ ಟಲ್ಲನಿಗೆ ನೆಲೆ ಸಿಕ್ಕಿತು. ಮುಂದಿನ ಸಾಲಿನಿಂದ ಹಿಂದೆ ಸರಿದು ಹಾಫ್‌ಬ್ಯಾಕ್ ಸ್ಥಾನದಲ್ಲಿ ನಿಂತನು. ಎದುರಾಳಿಯ ದಾಳಿಯನ್ನು ಮುರಿದು, ತನ್ನವರ ದಾಳಿಗೆ ನಾಂದಿ ಹಾಡುವ ಸ್ಥಾನವದು. ಯೋಚಿಸಿ ಆಡುವವನಿಗೆ ಒಪ್ಪುವಂಥದು. ನೂರಕ್ಕೂ ಹೆಚ್ಚು ಪಂದ್ಯಗಳನ್ನು ಆತನು ಆ ಊರಿಗಾಗಿ ಆಡಿದನು. ಒಮ್ಮೆ ಬ್ರಿಸ್ಟಲ್ ರೋವರ್ಸ್ ತಂಡದ ಎದುರು ಒಂದೇ ಪಂದ್ಯದಲ್ಲಿ ನಾಲ್ಕು ಗೋಲುಗಳನ್ನು ಹೊಡೆದನು. ಹಿಂದೆ ಬೈದುದು ಬೇರೆ ತಂಡದ ಅಂಗಣದಲ್ಲಿ; ಆದರೂ ಬ್ರಿಸ್ಟಲ್ ಎಂಬ ಹೆಸರು ಕಿವಿಗೆ ಬಿದ್ದಾಗ ಟಲ್ಲನ ಮನಸ್ಸಿನಲ್ಲಿ ಏನು ಹಾದುಹೋಗಿರಬಹುದು ಎಂಬುದನ್ನು ಓದುಗರೇ ಊಹಿಸಿಕೊಳ್ಳಬೇಕು.

1914ರ ಆಗಸ್ಟಿನಲ್ಲಿ ಯೂರೋಪು ಹೊತ್ತಿಕೊಂಡಿತು. ಯುದ್ಧ ನಡೆಯುತ್ತಿರುವಾಗ ಬಲಿಷ್ಠ ಯುವಕರು ಸಂಬಳಕ್ಕೆ ಚೆಂಡು ಒದೆಯುತ್ತಿದ್ದಾರೆಂದು ಪತ್ರಿಕೆಗಳು ಜರೆಯತೊಡಗಿದವು. ಆ ಡಿಸೆಂಬರಿನಲ್ಲಿ ಮಿಡ್ಲ್‌ಸೆಕ್ಸ್ ರೆಜಿಮೆಂಟಿನಲ್ಲಿ ಕಾಲ್ಚೆಂಡಿನ ಆಟಗಾರರಿಗಾಗಿಯೇ 17ನೆಯ ಬೆಟಾಲಿಯನ್ ಹುಟ್ಟಿತು. ನಾರ್ದ್ಯಾಂಪ್ಟನ್ ತಂಡದಿಂದ ಮೊದಲು ಹೆಸರು ಕೊಟ್ಟವನು ಟಲ್ಲನೇ. ತನ್ನನ್ನು ಪರಕೀಯನೆಂದು ಜರೆದ ಜನರೂ ಇದ್ದ ದೇಶಕ್ಕಾಗಿ ಪ್ರಾಣವನ್ನು ಪಣವಾಗಿಡಲು ಆತನನ್ನು ಪ್ರೇರಿಸಿದುದೇನು? ದೇಶ ತನ್ನದೆಂದು ಆತನು ನಂಬಿದ್ದನು. ಬಹುಶಃ ಅಷ್ಟೇ ಸಾಕಾಗಿತ್ತು. ಬಹುಬೇಗ ಸಾರ್ಜೆಂಟನಾಗಿ ಬಡ್ತಿ ಪಡೆದು 1915ರ ನವೆಂಬರಿನಲ್ಲಿ ಫ್ರಾನ್ಸಿನ ಕಂದಕಗಳಿಗೆ ಇಳಿದನು.

ಕಂದಕದ ಬಾಳಿನ ಬವಣೆಯನ್ನು ವಿವರಿಸುವುದು ಬೇಡ. ಹಗಲಿರುಳೂ ಸಿಡಿಯುವ ಗುಂಡುಗಳ ಗರ್ಜನೆಯಿಂದ ಗಟ್ಟಿ ಗುಂಡಿಗೆಯವರೂ ಮನಸ್ಸಿನ ಹಿಡಿತ ಕಳೆದುಕೊಳ್ಳುತ್ತಿದ್ದರು. 1916ರ ಮೇ ತಿಂಗಳಿನಲ್ಲಿ ಟಲ್ಲನನ್ನೂ ಆ ಬೇನೆಗಾಗಿ ಆಸ್ಪತ್ರೆಗೆ ಸೇರಿಸಬೇಕಾಯಿತು. ಬ್ರಿಸ್ಟಲಿನ ಬೈಗುಳಕ್ಕೆ ಬಾಗದವನು ಫಿರಂಗಿಯ ಮುಂದೆ ಬಾಗಿದನೆಂದರೆ ಅದರಲ್ಲಿ ನಾಚಿಕೆಯೇನಿದೆ? ಗುಣವಾದ ಮೇಲೆ ಮತ್ತೆ ಹೊರಟನು. ಸೋಮ್ ನದಿಯ ಬಳಿಯ ಘೋರ ಕದನದಲ್ಲಿ ಪಾಲುಗೊಂಡನು. ಆ ವರ್ಷದ ಕೊನೆಗೆ ಕಂದಕಜ್ವರ ಹಿಡಿದು ಮತ್ತೆ ಇಂಗ್ಲೆಂಡಿಗೆ ಬಂದನು.

ಇಲ್ಲಿಯೇ ಒಂದು ವಿಚಿತ್ರ ನಡೆಯಿತು. ಸೇನೆಯ ಅಧಿಕಾರಿಯಾಗುವವನು ಶುದ್ಧ ಐರೋಪ್ಯ ವಂಶದವನಾಗಿರಬೇಕೆಂಬುದು ಆಗಿನ ಬ್ರಿಟಿಷ್ ಸೇನೆಯ ಕಟ್ಟಳೆ. ಆದರೆ ಟಲ್ಲನ ಮೇಲಧಿಕಾರಿಗಳು ಕಟ್ಟಳೆಯನ್ನು ಬದಿಗಿಟ್ಟು ಆತನ ಹೆಸರನ್ನು ಶಿಫಾರಸು ಮಾಡಿದರು. ಸ್ಕಾಟ್ಲೆಂಡಿನಲ್ಲಿ ತರಬೇತಿ ಪಡೆದು 1917ರ ಮೇ ತಿಂಗಳಿನಲ್ಲಿ ಟಲ್ಲನು ಸೆಕೆಂಡ್ ಲೆಫ್ಟಿನೆಂಟ್ ಆದನು. ಬ್ರಿಟಿಷ್ ಸೇನೆಯಲ್ಲಿ ಅಧಿಕಾರಿಯಾದ ಮೊದಲನೆಯ ಕಪ್ಪು ಮನುಷ್ಯನು ಇವನೇ ಎಂದು ಬಹುಕಾಲ ಹೇಳುತ್ತಿದ್ದರು. ಅವನಿಗಿಂತ ಮೊದಲೂ ಬೆರಳೆಣಿಕೆಯ ಕೆಲವರಿದ್ದರೆಂದು ಈಚಿನ ಶೋಧನೆಗಳು ತೋರಿಸಿವೆ. ಅದರಿಂದ ಟಲ್ಲನ ಹಿರಿಮೆಗೆ ಕುಂದೇನೂ ಇಲ್ಲ. ಆತನ ಆಜ್ಞೆಯಂತೆ ಬಿಳಿಯ ಸೈನಿಕರು ನಡೆದರು. ನಡೆಯುವಾಗ ಅವನ ಮೈಬಣ್ಣವನ್ನು ಯೋಚಿಸುವ ವ್ಯವಧಾನ ಅವರಿಗಿರಲಿಲ್ಲ, ಅವನ ಮೇಲೆ ನಂಬಿಕೆಯಿತ್ತು.

ಆ ನಂಬಿಕೆ ಇಟಲಿಯಲ್ಲಿ ಪರೀಕ್ಷೆಗೊಳಗಾಯಿತು. 1918ರ ಜನವರಿಯ ಮೊದಲ ದಿನಗಳು. ಪಿಯಾವೆ ನದಿ ಚಳಿಯಿಂದ ಕೊರೆಯುತ್ತಿತ್ತು. ಆಚೆಯ ದಡದಲ್ಲಿ ಶತ್ರು. ರಾತ್ರಿಯ ಕತ್ತಲೆಯಲ್ಲಿ 26 ಮಂದಿಯನ್ನು ಕರೆದುಕೊಂಡು ಟಲ್ಲನು ನದಿಯನ್ನು ದಾಟಿ, ಗುಂಡಿನ ಮಳೆಯ ನಡುವೆ ಕಾರ್ಯವನ್ನು ಪೂರೈಸಿ, ಒಬ್ಬನನ್ನೂ ಕಳೆದುಕೊಳ್ಳದೆ ಹಿಂದಿರುಗಿದನು. ಅವನ ಶೌರ್ಯವನ್ನೂ ಸಮಚಿತ್ತವನ್ನೂ ಮೇಜರ್ ಜನರಲ್ ಸಿಡ್ನಿ ಲಾಫರ್ಡನು ಪ್ರಶಂಸಿಸಿದನು. ಅಂದು 26 ಮನೆಗಳಲ್ಲಿ ದೀಪ ಆರದೆ ಉಳಿಯಿತು. ಅನಾಥನಾಗಿ ಬೆಳೆದವನಿಗೆ ಆ ಲೆಕ್ಕದ ಬೆಲೆ ತಿಳಿದಿತ್ತು.

ವಸಂತದ ಹೊತ್ತಿಗೆ ಬೆಟಾಲಿಯನ್ ಮತ್ತೆ ಫ್ರಾನ್ಸಿಗೆ ಬಂದಿತ್ತು. 1918ರ ಮಾರ್ಚಿ 21ರಂದು ಜರ್ಮನರು ತಮ್ಮ ಬಲವನ್ನೆಲ್ಲ ಒಟ್ಟುಗೂಡಿಸಿ ಮುನ್ನುಗ್ಗಿದರು. ಬ್ರಿಟಿಷ್ ಪಡೆಗಳು ಹಿಂದೆಗೆಯಬೇಕಾಯಿತು. ಮಾರ್ಚಿ 25ರಂದು ಫಾವ್ರುಯಿ ಎಂಬ ಹಳ್ಳಿಯ ಬಳಿ ತನ್ನವರನ್ನು ನಡೆಸುತ್ತಿದ್ದಾಗ ಗುಂಡು ತಗಲಿ ಟಲ್ಲನು ನೆಲಕ್ಕುರುಳಿದನು. ಮೂವತ್ತು ತುಂಬಲು ಒಂದು ತಿಂಗಳು ಉಳಿದಿತ್ತು. ಅಧಿಕಾರಿಯನ್ನು ಬಿಟ್ಟು ಹೋಗಲು ಅವನ ಸೈನಿಕರಿಗೆ ಮನಸ್ಸು ಬರಲಿಲ್ಲ. ಟಾಮ್ ಬಿಲ್ಲಿಂಗ್‌ಹ್ಯಾಮ್ ಎಂಬವನು, ಲೆಸ್ಟರ್ ಫಾಸ್ ತಂಡದಲ್ಲಿ ಗೋಲು ಕಾಯುತ್ತಿದ್ದವನು, ಗುಂಡಿನ ಮಳೆಯಲ್ಲೇ ಅವನ ದೇಹವನ್ನು ತರಲು ಯತ್ನಿಸಿದನು. ಶತ್ರುಗಳು ಸಮೀಪಿಸಿದರು, ಕೈಬಿಟ್ಟು ಬರಬೇಕಾಯಿತು. ಆ ದೇಹ ಮತ್ತೆ ಸಿಕ್ಕಲಿಲ್ಲ.

ಗ್ಲಾಸ್ಗೋದಲ್ಲಿದ್ದ ಎಡ್ವರ್ಡನಿಗೆ ತಮ್ಮನ ಸಾವಿನ ಸುದ್ದಿ ಮುಟ್ಟಿತು. ಅನಾಥಾಲಯದಲ್ಲಿ ಬಿಟ್ಟುಬಂದ ಆ ಹುಡುಗನ ಪಾಲಿಗೆ ಕೊನೆಗೂ ಬಂಧುವೆಂದು ಸೇನೆಯವರು ಪತ್ರ ಬರೆದುದು ಅಣ್ಣನಿಗೇ. ಟಲ್ಲನು ಬೆಟಾಲಿಯನ್ನಿಗೆಲ್ಲ ಬೇಕಾದವನಾಗಿದ್ದನೆಂದೂ, ಶೌರ್ಯಕ್ಕಾಗಿ ಮಿಲಿಟರಿ ಕ್ರಾಸ್ ಪದಕಕ್ಕೆ ಅವನ ಹೆಸರು ಸೂಚಿತವಾಗಿತ್ತೆಂದೂ ಜೊತೆಯ ಅಧಿಕಾರಿಯೊಬ್ಬನು ತಿಳಿಸಿದನು. ಪದಕ ಬರಲಿಲ್ಲ. ಹೆಸರು ಕೂಡ ಮೆಲ್ಲಮೆಲ್ಲನೆ ಜನರ ನೆನಪಿನಿಂದ ಜಾರಿತು.

ಎಂಬತ್ತು ವರ್ಷ ಕಳೆದ ಮೇಲೆ ಆ ನೆನಪು ಮರಳಿತು. 1999ರಲ್ಲಿ ನಾರ್ದ್ಯಾಂಪ್ಟನ್ ಕ್ಲಬ್ಬಿನವರು ತಮ್ಮ ಕ್ರೀಡಾಂಗಣದ ಪಕ್ಕದಲ್ಲಿ ಟಲ್ಲನಿಗೊಂದು ಸ್ಮಾರಕವನ್ನು ನಿಲ್ಲಿಸಿದರು. ಸಾವಿನ ನೂರನೆಯ ವರ್ಷವಾದ 2018ರಲ್ಲಿ ಬ್ರಿಟನ್ನಿನ ಅಂಚೆಯವರು ಅವನ ಚಿತ್ರವಿರುವ ಅಂಚೆಚೀಟಿಯನ್ನು ಹೊರಡಿಸಿದರು. ಇವೆಲ್ಲ ಒಳ್ಳೆಯ ಕೆಲಸಗಳೇ. ಬ್ರಿಸ್ಟಲಿನ ಆ ಮಧ್ಯಾಹ್ನ ಕೂಗಿದವರ ಹೆಸರುಗಳು ಮಾತ್ರ ಯಾರಿಗೂ ತಿಳಿದಿಲ್ಲ; ತಿಳಿಯಬೇಕಾಗಿಯೂ ಇಲ್ಲ.

ಫ್ರಾನ್ಸಿನ ಅರಾಸ್ ಪಟ್ಟಣದಲ್ಲಿ ಗೋರಿಯಿಲ್ಲದ ಸುಮಾರು 35,000 ಯೋಧರ ಹೆಸರುಗಳನ್ನು ಕೆತ್ತಿದ ಗೋಡೆಗಳಿವೆ. ಅಲ್ಲಿ ಎಲ್ಲ ಹೆಸರುಗಳೂ ಒಂದೇ ಬಣ್ಣದ ಕಲ್ಲಿನ ಮೇಲೆ, ಒಂದೇ ಅಳತೆಯ ಅಕ್ಷರಗಳಲ್ಲಿವೆ. ಮಿಡ್ಲ್‌ಸೆಕ್ಸ್ ರೆಜಿಮೆಂಟಿನ ಸಾಲಿನಲ್ಲಿ ಫೋಕ್‌ಸ್ಟನ್ನಿನ ಬಡಗಿಯ ಮಗನ ಹೆಸರೂ ಇದೆ. ಅಚ್ಚುಕೂಟದಲ್ಲಿ ಕೆಲಸ ಕಲಿತವನಿಗೆ ಆ ಸಮನಾದ ಅಕ್ಷರಗಳ ಸಾಲು ಮೆಚ್ಚುಗೆಯಾಗುತ್ತಿತ್ತು.